ಐವತ್ನಾಲ್ಕೂವರೆ ಡಾಲರಿನ ರೈಫಲ್

ಎನ್‌ಸಿಸಿಯಲ್ಲಿ ಇದ್ದವರಿಗೆ 'ಪಾಯಿಂಟ್ ಟೂ ಟೂ' ಅಂದರೆ ಏನು ಅಂತ ಹೇಳಬೇಕಾಗಿಲ್ಲ. ಕ್ಯಾಂಪಿನಲ್ಲಿ ಬೆಳಗಿನ ಚಳಿಗೆ ನೆಲದ ಮೇಲೆ ಸಾಲಾಗಿ ಮಲಗಿಸಿ, ಎಣಿಸಿ ಐದೇ ಐದು ಗುಂಡು ಕೈಗೆ ಕೊಡುತ್ತಿದ್ದರು. ಒಂದು ಹಾಕು, ಬೋಲ್ಟ್ ಮುಚ್ಚು, ಹೊಡಿ, ಬೋಲ್ಟ್ ತೆಗಿ, ಇನ್ನೊಂದು ಹಾಕು. ಐದು ತೂತು ಒಂದಕ್ಕೊಂದು ಎಷ್ಟು ಹತ್ತಿರ ಬಿದ್ದಿವೆ ಅನ್ನೋದೇ ಲೆಕ್ಕ, ಅದಕ್ಕೆ 'ಗ್ರೂಪಿಂಗ್' ಅಂತ ಹೆಸರು. ಖಾಲಿ ಕೇಸು ಐದೂ ಎಣಿಸಿ ವಾಪಸ್ ಕೊಡದೆ ಏಳುವ ಹಾಗಿಲ್ಲ.

ಈಗ ನಾನಿರುವ ಓಹಾಯೊದಲ್ಲಿ ಅದೇ ಗುಂಡು ಮೀನಿನ ಗಾಳ, ನಾಯಿ ಬಿಸ್ಕತ್ತುಗಳ ಪಕ್ಕದ ಸಾಲಿನಲ್ಲಿ ಐನೂರರ ಡಬ್ಬಿಯಲ್ಲಿ ಸಿಗುತ್ತದೆ. ಆ ಡಬ್ಬಿಗೆ ಇಲ್ಲಿನವರು 'ಬ್ರಿಕ್' ಅಂತಾರೆ, ಅಂದರೆ ಇಟ್ಟಿಗೆ! ನಮ್ಮ ಟೀಮಿನ ಹಿರಿಯರೊಬ್ಬರು (ಇವತ್ತಿಗೂ ಸಿ ಭಾಷೆ ಬಿಟ್ಟು ಬೇರೆ ಮುಟ್ಟದ ಮನುಷ್ಯ) ಈರಿ ಸರೋವರದ ದಡದ ಕ್ಯಾಂಪ್ ಪೆರಿಯಲ್ಲಿ ನಡೆಯುವ ಗುರಿ ಸ್ಪರ್ಧೆಗೆ ನನ್ನನ್ನೂ ಎಳೆಯುತ್ತಿದ್ದಾರೆ. ಅದಕ್ಕೆ ಒಂದು ರೈಫಲ್ ಬೇಕು. ನನ್ನ ಬಜೆಟ್ ನಾನೂರು ಡಾಲರ್. ಯಾವುದು ತಗೊಳ್ಳೋದು ಅಂತ ಹುಡುಕುತ್ತಾ ಹೋದವನಿಗೆ ಬೆಲೆಪಟ್ಟಿಗಿಂತ ಅದರ ಹಿಂದಿನ ಕತೆ ಹೆಚ್ಚು ಹಿಡಿಸಿತು. ಅದನ್ನೇ ಇಲ್ಲಿ ಬರೀತಿದ್ದೇನೆ. ಸ್ವಲ್ಪ ಉದ್ದ ಆಗುತ್ತೆ, ಕಾಫಿ ಮಾಡಿಕೊಂಡು ಕೂತ್ಕೊಳ್ಳಿ :)

ಮೊದಲು ಗುಂಡಿನ ಕತೆ. ನಾವು 'ಗುಂಡು' ಅಂತ ಒಟ್ಟಾಗಿ ಕರೆಯುವುದಕ್ಕೆ ಮಲೆನಾಡು, ಕೊಡಗಿನ ಕಡೆ 'ತೋಟಾ' ಅನ್ನುವ ಒಳ್ಳೆ ಪದ ಇದೆ. ಹಿತ್ತಾಳೆಯ ಕೊಳವೆ, ಒಳಗೆ ಮದ್ದು, ಬಾಯಿಗೆ ಸೀಸದ ಗುಂಡು, ಬುಡದಲ್ಲಿ ಪೆಟ್ಟು ಬಿದ್ದರೆ ಕಿಡಿ ಹಾರುವ ಸಿಡಿಮದ್ದು, ಎಲ್ಲಾ ಸೇರಿ ತೋಟಾ. ದೊಡ್ಡ ತೋಟಾಗಳಲ್ಲಿ ಸಿಡಿಮದ್ದು ಬುಡದ ನಡುಮಧ್ಯೆ ಬೇರೆಯೇ ಒಂದು ಸಣ್ಣ ಬಟ್ಟಲಿನಲ್ಲಿ ಇರುತ್ತದೆ. ಪಾಯಿಂಟ್ ಟೂ ಟೂನಲ್ಲಿ ಹಾಗಲ್ಲ. ಬುಡದಲ್ಲಿ ತಟ್ಟೆಯ ಅಂಚಿನ ಹಾಗೆ ಚಾಚಿಕೊಂಡಿರುವ ಮಡಿಕೆಯ ಒಳಗೇ ಸಿಡಿಮದ್ದನ್ನು ಗಿರಗಿರ ತಿರುಗಿಸಿ ಸವರಿರುತ್ತಾರೆ. ಸೂಜಿ ಬಂದು ಆ ಅಂಚನ್ನು ಜಜ್ಜಿದರೆ ಕಿಡಿ. ಅದಕ್ಕೇ ಇದು ರಿಮ್‌ಫೈರ್.

ಇದನ್ನು ಮೊದಲು ಮಾಡಿದ್ದು ಪ್ಯಾರಿಸ್ಸಿನ ಲೂಯಿ ನಿಕೋಲಾ ಫ್ಲೋಬೇರ್, 1845ರಲ್ಲಿ. ಅವನು ಯುದ್ಧಕ್ಕೆ ಮಾಡಿದ್ದಲ್ಲ, ಶ್ರೀಮಂತರು ಊಟ ಆದ ಮೇಲೆ ಹಜಾರದಲ್ಲಿ ಗುರಿ ಹೊಡೆದು ಆಡಲಿ ಅಂತ ಮಾಡಿದ್ದು! ಅವನ ತೋಟಾದಲ್ಲಿ ಬೇರೆ ಮದ್ದೇ ಇರಲಿಲ್ಲ, ಸಿಡಿಮದ್ದಿನ ತಳ್ಳುವಿಕೆಗೇ ಸಣ್ಣ ಗುಂಡು ಹಾರುತ್ತಿತ್ತು. ಅಮೆರಿಕದಲ್ಲಿ ಸ್ಮಿತ್ ಅಂಡ್ ವೆಸನ್ 1857ರಲ್ಲಿ ಅದಕ್ಕೆ ಚೂರು ಮದ್ದು ಸೇರಿಸಿ ತನ್ನ ಮೊದಲ ರಿವಾಲ್ವರಿಗೆ ಹಾಕಿತು. ಆಮೇಲೆ 1887ರಲ್ಲಿ ಜೆ. ಸ್ಟೀವನ್ಸ್ ಕಂಪನಿ ಇನ್ನೂ ಸ್ವಲ್ಪ ಉದ್ದ ಮಾಡಿ, 40 ಗ್ರೇನ್ ಅಂದರೆ ಸುಮಾರು 2.6 ಗ್ರಾಂ ತೂಕದ ಸೀಸ ಕೂರಿಸಿ '.22 ಲಾಂಗ್ ರೈಫಲ್' ಅಂತ ಹೆಸರಿಟ್ಟಿತು. ಇವತ್ತು ಕ್ಯಾಂಪ್ ಪೆರಿಯಲ್ಲಿ ಹೊಡೆಯುವುದೂ, ಒಲಿಂಪಿಕ್ಸಿನಲ್ಲಿ ಹೊಡೆಯುವುದೂ ಇದೇ ತೋಟಾ. 2024ರ ಆಗಸ್ಟ್ 1ರಂದು ಪ್ಯಾರಿಸ್ ಒಲಿಂಪಿಕ್ಸಿನಲ್ಲಿ ಸ್ವಪ್ನಿಲ್ ಕುಸಾಳೆ ಕಂಚು ಗೆದ್ದ 50 ಮೀಟರ್ ಸ್ಪರ್ಧೆಯದೂ ಇದೇ. ಹಜಾರದ ಆಟಿಕೆಯಾಗಿ ಪ್ಯಾರಿಸ್ಸಿನಲ್ಲಿ ಹುಟ್ಟಿದ ವಂಶ, ಅದೇ ಪ್ಯಾರಿಸ್ಸಿನ ಒಲಿಂಪಿಕ್ಸಿನಲ್ಲಿ ನಮ್ಮವನ ಕೊರಳಿಗೆ ಪದಕ ಹಾಕಿಸಿತು.

ಈ ರಿಮ್‌ಫೈರ್ ಅನ್ನೋದು ಅಗ್ಗಕ್ಕೆ ಅಗ್ಗ, ಅದಕ್ಕೇ ಒಂದು ಶಾಪವೂ ಇದೆ. ಅಂಚಿನ ಒಳಗೆ ಸಿಡಿಮದ್ದು ಎಲ್ಲಾ ಕಡೆ ಒಂದೇ ಸಮ ಹರಡಿದೆ ಅಂತ ಯಾರೂ ಗ್ಯಾರಂಟಿ ಕೊಡಲಾರರು. ಒಂದು ತೋಟಾ ಸ್ವಲ್ಪ ಜೋರು, ಇನ್ನೊಂದು ಸ್ವಲ್ಪ ಮೆತ್ತಗೆ. ದೊಡ್ಡ ತೋಟಾಗಳ ಹಾಗೆ ಮನೆಯಲ್ಲಿ ಮದ್ದು ತೂಗಿ ಮತ್ತೆ ತುಂಬಿಸಿಕೊಳ್ಳೋಣ ಅಂದರೆ ಜಜ್ಜಿಹೋದ ಅಂಚು ಮತ್ತೆ ಕೆಲಸಕ್ಕೆ ಬಾರದು. ಕಾರ್ಖಾನೆ ಏನು ಕೊಡುತ್ತೋ ಅದೇ ಪ್ರಸಾದ. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತೆ.

ಇನ್ನು 'ಅರೆಸ್ವಯಂಚಾಲಿತ' ಅನ್ನುವ ಭಯಂಕರ ಪದ. ಟ್ರಿಗರ್ ಒಂದು ಸಲ ಎಳೆದರೆ ಒಂದೇ ಗುಂಡು, ಆದರೆ ಖಾಲಿ ಕೇಸು ಎಸೆದು ಮುಂದಿನ ತೋಟಾ ತುಂಬಿಕೊಳ್ಳುವ ಕೆಲಸ ರೈಫಲ್ ತಾನೇ ಮಾಡಿಕೊಳ್ಳುತ್ತದೆ. ಪಾಯಿಂಟ್ ಟೂ ಟೂನಲ್ಲಿ ಇದು ಎಷ್ಟು ಸರಳ ಅಂದರೆ ನೋಡಿದವರಿಗೆ ನಗು ಬರಬೇಕು. ಬೋಲ್ಟಿಗೆ ಬೀಗ ಇಲ್ಲ, ಚಿಲಕ ಇಲ್ಲ. ಅದೊಂದು ಭಾರದ ಕಬ್ಬಿಣದ ತುಂಡು, ಹಿಂದೊಂದು ಸ್ಪ್ರಿಂಗ್, ಅಷ್ಟೇ. ಗುಂಡು ಮುಂದಕ್ಕೆ ಹೋಗುವಾಗ ಅದೇ ಒತ್ತಡ ಕೇಸನ್ನು ಹಿಂದಕ್ಕೂ ತಳ್ಳುತ್ತದೆ. ಹಗುರದ ಗುಂಡು ನಳಿಗೆ ಬಿಟ್ಟು ಹಾರಿಹೋಗುವಷ್ಟರಲ್ಲಿ ಭಾರದ ಬೋಲ್ಟ್ ಇನ್ನೂ ಮೈ ಮುರಿದು ಏಳುತ್ತಿರುತ್ತದೆ. ನ್ಯೂಟನ್ನನ ಮೂರನೇ ನಿಯಮವನ್ನು ಇಷ್ಟು ಅಗ್ಗವಾಗಿ ದುಡಿಸಿಕೊಂಡ ಯಂತ್ರ ಇನ್ನೊಂದಿರಲಿಕ್ಕಿಲ್ಲ.

ಅಮೆರಿಕದಲ್ಲಿ ಇದನ್ನು ಮೊದಲು ಗೆಲ್ಲಿಸಿ ತೋರಿಸಿದ್ದು ವಿಂಚೆಸ್ಟರ್ 1903, ಟಿ. ಸಿ. ಜಾನ್ಸನ್ ಎಂಬಾತನ ವಿನ್ಯಾಸ. ಆ ಕಾಲಕ್ಕೆ ಮಾರುಕಟ್ಟೆಯಲ್ಲಿ ಹೊಗೆ ಉಗುಳುವ ಹಳೆ ಕರಿಮದ್ದಿನ ತೋಟಾಗಳೂ ಧಾರಾಳವಾಗಿದ್ದವು. ಯಾರಾದರೂ ಅದನ್ನು ತುಂಬಿದರೆ ಮಸಿ ಹಿಡಿದು ಬೋಲ್ಟ್ ಸಿಕ್ಕಿಹಾಕಿಕೊಳ್ಳುವುದು ಖಂಡಿತ. ಹಾಗಾಗಿ ವಿಂಚೆಸ್ಟರಿನವರು ಬೇರೆಯೇ ಅಳತೆಯ, ಹೊಗೆರಹಿತ ಮದ್ದಿನ ತೋಟಾ ಮಾಡಿ, ಬೇರೆ ಯಾವುದೂ ಒಳಗೆ ಹಿಡಿಸದ ಹಾಗೆ ಮಾಡಿಬಿಟ್ಟರು. ಇನ್‌ಪುಟ್ ವ್ಯಾಲಿಡೇಷನ್ ಅಂತ ನಾವು ಬಡ್ಕೊಳ್ತೀವಲ್ಲ, ಅದನ್ನೇ ಹಿತ್ತಾಳೆಯಲ್ಲಿ ಬರೆದಿದ್ದರು!

ಈ ರೈಫಲಿನ ಜಾಹೀರಾತು ಮಾಡಿದ್ದು ಟೆಕ್ಸಸ್ಸಿನ ಆಡ್ ಟಾಪರ್‌ವೈನ್. 1907ರ ಡಿಸೆಂಬರಿನಲ್ಲಿ ಸ್ಯಾನ್ ಆಂಟೋನಿಯೋದಲ್ಲಿ ಹತ್ತು ದಿನ ನಿಂತು, ಗಾಳಿಗೆ ಎಸೆದ ಎರಡೂಕಾಲು ಇಂಚಿನ ಮರದ ತುಂಡುಗಳಿಗೆ ಹೊಡೆದ. 72,500 ತುಂಡು. ತಪ್ಪಿದ್ದು 9. ಅವನ ಹೆಂಡತಿಯೂ ದೊಡ್ಡ ಗುರಿಕಾರ್ತಿ, 'ಪ್ಲಿಂಕಿ' ಅಂತ ಅಡ್ಡಹೆಸರು. ಡಬ್ಬಿ, ಬಾಟಲಿಗೆ ಸುಮ್ಮನೆ ಗುಂಡು ಹೊಡೆದು ಕಾಲ ಕಳೆಯೋದಕ್ಕೆ ಇಲ್ಲಿನವರು 'ಪ್ಲಿಂಕಿಂಗ್' ಅನ್ನುತ್ತಾರೆ, ಆ ಪದವನ್ನು ಅವಳ ಹೆಸರಿನ ಜೊತೆ ಕಟ್ಟುವವರಿದ್ದಾರೆ. ಮುಂದೆ 1959ರಲ್ಲಿ ರೆಮಿಂಗ್ಟನ್ ಕಂಪನಿಯ ಟಾಮ್ ಫ್ರೈ 1,00,010 ತುಂಡಿಗೆ ಹೊಡೆದು ಆರೇ ಆರು ತಪ್ಪಿಸಿದ. ಅವನ ಕೈಯಲ್ಲಿದ್ದದ್ದು ಆ ವರ್ಷವಷ್ಟೇ ಬಂದ 'ನೈಲಾನ್ 66'. ಹೆಸರು ಅಲಂಕಾರಕ್ಕಲ್ಲ, ನಿಜಕ್ಕೂ ನೈಲಾನ್! ಆಗ ರೆಮಿಂಗ್ಟನ್ ಡ್ಯುಪಾಂಟ್ ಕಂಪನಿಯ ಕೈಯಲ್ಲಿತ್ತು, ಮರದ ಬದಲು ಡ್ಯುಪಾಂಟಿನ ಪ್ಲಾಸ್ಟಿಕ್ ಹಾಕಿ ಅಚ್ಚು ಹೊಯ್ದರು. ಪ್ಲಾಸ್ಟಿಕ್ ಬಂದೂಕು ಅಂತ ನಕ್ಕವರ ಬಾಯಿ ಮುಚ್ಚಿಸಲಿಕ್ಕೇ ಆ ಲಕ್ಷ ತುಂಡುಗಳ ಪ್ರದರ್ಶನ. ಹತ್ತು ಲಕ್ಷಕ್ಕೂ ಹೆಚ್ಚು ಮಾರಾಟವಾದವು.

ಗಮನಿಸಿ, ಈ ಎರಡೂ ದಾಖಲೆ ವೇಗ ಮತ್ತು ನಂಬಿಕೆಯ ಪರೀಕ್ಷೆಗಳು. ಎರಡೂಕಾಲು ಇಂಚಿನ ತುಂಡಿಗೆ ತಾಗಿದರೆ ಸಾಕು. 50 ಮೀಟರ್ ಒಲಿಂಪಿಕ್ ಗುರಿಹಾಳೆಯಲ್ಲಿ ಹತ್ತು ಅಂಕದ ವೃತ್ತದ ಅಡ್ಡಳತೆ 10.4 ಮಿಲಿಮೀಟರ್, ಅಂದರೆ ನಮ್ಮ ಕಿರುಬೆರಳಿನ ಉಗುರು. ಅಲ್ಲಿ ಅರೆಸ್ವಯಂಚಾಲಿತಕ್ಕೆ ಪ್ರವೇಶವೇ ಇಲ್ಲ, ಒಂದೊಂದೇ ಗುಂಡು ಕೈಯಲ್ಲಿ ತುಂಬುವ ರೈಫಲ್ ಮಾತ್ರ. ಈ ಎರಡು ಲೋಕದ ನಡುವೆ ಎಲ್ಲೋ ನನ್ನ ನಾನೂರು ಡಾಲರ್ ಕೂತಿದೆ.

ಈಗ ಮುಖ್ಯ ಪಾತ್ರಗಳು. ಮಾರ್ಲಿನ್ ಕಂಪನಿ 1960ರಲ್ಲಿ 'ಮಾಡೆಲ್ 60' ತಂದಿತು. ನಳಿಗೆಯ ಕೆಳಗೇ ಒಂದು ಉದ್ದ ಕೊಳವೆ, ಅದರೊಳಗೆ ಪಡ್ಡು ಮಣೆಗೆ ಹಿಟ್ಟು ಬಿಟ್ಟ ಹಾಗೆ ತೋಟಾಗಳನ್ನು ಒಂದೊಂದಾಗಿ ಇಳಿಬಿಡುವುದು. ನಳಿಗೆಯೊಳಗೆ ಸಾಮಾನ್ಯ ರೈಫಲಿನ ಆರು ಗೀರುಗಳ ಬದಲು ಹದಿನಾರು ತೆಳು ಗೀರುಗಳು, 'ಮೈಕ್ರೋ ಗ್ರೂವ್' ಅಂತ. ಸೀಸದ ಗುಂಡಿಗೆ ಕಡಿಮೆ ಗಾಯ, ಹಾಗಾಗಿ ಗುರಿ ನೇರ ಅನ್ನುವುದು ಅವರ ವಾದ. ವಾದ ಹೇಗಾದರೂ ಇರಲಿ, ಪೆಟ್ಟಿಗೆಯಿಂದ ತೆಗೆದ ಹಾಗೇ ಹೊಡೆದರೆ ಈ ರೈಫಲ್ ಅದರ ಬೆಲೆಗೆ ಮೀರಿ ಗುರಿ ಇಡುತ್ತದೆ ಅನ್ನೋದನ್ನು ಇದರ ಎದುರಾಳಿಗಳ ಅಭಿಮಾನಿಗಳೂ ಒಪ್ಪುತ್ತಾರೆ. 1 ಕೋಟಿ 10 ಲಕ್ಷಕ್ಕೂ ಹೆಚ್ಚು ತಯಾರಾದವು.

ಎದುರಾಳಿ ಅಂದರೆ ರೂಗರ್. ವಿಲಿಯಂ ರೂಗರ್, ಅಲೆಕ್ಸಾಂಡರ್ ಸ್ಟರ್ಮ್ ಇಬ್ಬರೂ ಸೇರಿ 1949ರಲ್ಲಿ ಕನೆಕ್ಟಿಕಟ್‌ನ ಸೌತ್‌ಪೋರ್ಟಿನಲ್ಲಿ ಐವತ್ತು ಸಾವಿರ ಡಾಲರ್ ಬಂಡವಾಳ ಹಾಕಿ ಶುರು ಮಾಡಿದ ಕಂಪನಿ. ಬಂಡವಾಳ ಸ್ಟರ್ಮನದು, ತಲೆ ರೂಗರನದು. ನಮ್ಮ ಸ್ಟಾರ್ಟಪ್ ಕತೆಗಳ ಹಾಗೇ ಇದೆ ಅಲ್ವಾ? ಮೊದಲ ಸರಕು ಮೂವತ್ತೇಳೂವರೆ ಡಾಲರಿನ ಒಂದು .22 ಪಿಸ್ತೂಲು. ಎರಡೇ ವರ್ಷಕ್ಕೆ, 1951ರಲ್ಲಿ, ಸ್ಟರ್ಮ್ ತೀರಿಕೊಂಡ. ಕಂಪನಿಯ ಲಾಂಛನದ ಕೆಂಪು ಹದ್ದನ್ನು ರೂಗರ್ ಕಪ್ಪು ಮಾಡಿಸಿದ.

1964ರಲ್ಲಿ ರೂಗರ್ '10/22' ಬಿಡುಗಡೆ ಮಾಡಿದ. ಬೆಲೆ 54 ಡಾಲರ್ 50 ಸೆಂಟ್. ವಿನ್ಯಾಸದಲ್ಲಿ ಹ್ಯಾರಿ ಸೆಫ್ರೀಡ್ ಅನ್ನುವವನ ಕೈ ದೊಡ್ಡದು. ಹೆಸರಿನ ಹತ್ತು ಅಂದರೆ ಹತ್ತು ತೋಟಾಗಳ ಮ್ಯಾಗಜಿನ್. ಈ ಮ್ಯಾಗಜಿನ್ನೇ ಇದರ ಪ್ರಾಣ. ಅಂಚು ಚಾಚಿಕೊಂಡಿರುವ ತೋಟಾಗಳನ್ನು ಒಂದರ ಮೇಲೊಂದು ನೆಟ್ಟಗೆ ಪೇರಿಸಿದರೆ ಒಂದರ ಅಂಚು ಇನ್ನೊಂದಕ್ಕೆ ಸಿಕ್ಕಿಕೊಳ್ಳುತ್ತದೆ. ರೂಗರ್ ಅದಕ್ಕೆ ತೊಟ್ಟಿಲು ತಿರುಗುವ ಹಾಗೆ ಒಂದು ಚಕ್ರ ಇಟ್ಟ. ಚಕ್ರದ ಹಲ್ಲುಗಳ ನಡುವೆ ತೋಟಾಗಳು ಬೇರೆ ಬೇರೆ ಕೂತಿರುತ್ತವೆ, ಯಾವುದೂ ಯಾವುದಕ್ಕೂ ತಾಗಲ್ಲ. ತಿರುಗುವ ಮ್ಯಾಗಜಿನ್ ಹೊಸದೇನಲ್ಲ, ಸ್ಯಾವೇಜ್ 99 ಎಂಬ ಹಳೆ ಬೇಟೆ ರೈಫಲಿನಲ್ಲಿ ಇತ್ತು. ಅದನ್ನು ಅಂಗೈಯಲ್ಲಿ ಮುಚ್ಚಿಕೊಳ್ಳುವಷ್ಟು ಸಣ್ಣ ಪೆಟ್ಟಿಗೆಯಾಗಿ, ಬೇಕೆಂದಾಗ ತೆಗೆದು ಹಾಕುವ ಹಾಗೆ ಮಾಡಿದ್ದು ಇಲ್ಲಿನ ಜಾಣ್ಮೆ.

ಎರಡನೆಯ ಜಾಣ್ಮೆ, ಬಹುಶಃ ಉಳಿತಾಯಕ್ಕಾಗಿ ಮಾಡಿದ್ದು. ಸಾಮಾನ್ಯವಾಗಿ ನಳಿಗೆಯನ್ನು ಮುಖ್ಯ ಚೌಕಟ್ಟಿಗೆ ಮರೆ ಹಾಕಿ ಬಿಗಿಯಾಗಿ ತಿರುಗಿಸಿ ಕೂರಿಸುತ್ತಾರೆ, ಬಿಚ್ಚಬೇಕಾದರೆ ಬಡಗಿಯಲ್ಲ, ಬಂದೂಕು ಕಮ್ಮಾರನೇ ಬೇಕು. ರೂಗರ್ ಅಲ್ಯೂಮಿನಿಯಂ ಚೌಕಟ್ಟಿಗೆ ನಳಿಗೆಯನ್ನು ತೂರಿಸಿ, ಕೆಳಗಿಂದ ಒಂದು ದಿಮ್ಮಿ, ಎರಡು ಸ್ಕ್ರೂ ಹಾಕಿ ಎಳೆದು ಹಿಡಿಸಿದ. ಅಡುಗೆಮನೆ ಮೇಜಿನ ಮೇಲೆ ಹತ್ತು ನಿಮಿಷದಲ್ಲಿ ನಳಿಗೆ ಬದಲಾಯಿಸಬಹುದು. ಟ್ರಿಗರ್ ಭಾಗ ಪೂರ್ತಿ ಒಂದು ಪೊಟ್ಟಣದ ಹಾಗೆ ಎರಡು ಪಿನ್ನು ತೆಗೆದರೆ ಕೆಳಗಿಳಿಯುತ್ತದೆ. ಪರಿಣಾಮ ಏನಾಯಿತು ಅಂದರೆ, ರೂಗರನ ಬಿಡಿಭಾಗ ಒಂದೂ ಇಲ್ಲದೆ ಒಂದು 10/22 ಕಟ್ಟಬಹುದು ಅನ್ನುವಷ್ಟು ಬಿಡಿಭಾಗದ ಅಂಗಡಿಗಳು ಹುಟ್ಟಿಕೊಂಡವು. ನಳಿಗೆಗೆ ಒಬ್ಬ, ಟ್ರಿಗರಿಗೆ ಒಬ್ಬ, ಹಿಡಿಗೆ ಇನ್ನೊಬ್ಬ. ನಮ್ಮ ಲೋಕದಲ್ಲಿ ಒಂದು ಇಂಟರ್‌ಫೇಸ್ ಸ್ಥಿರವಾಗಿ ನಿಂತರೆ ಸುತ್ತ ಊರೇ ಬೆಳೆಯುತ್ತದಲ್ಲ, ಹಾಗೆ. 70 ಲಕ್ಷಕ್ಕೂ ಹೆಚ್ಚು 10/22ಗಳು ಹೊರಬಂದಿವೆ.

ಮಾರ್ಲಿನ್ ಪೆಟ್ಟಿಗೆಯಿಂದಲೇ ಚೆನ್ನಾಗಿ ಹೊಡೆಯುತ್ತಿತ್ತು, ಆದರೆ ಬೆಳೆಯಲಿಲ್ಲ. ರೂಗರ್ ಪೆಟ್ಟಿಗೆಯಲ್ಲಿ ಸಾಧಾರಣವಾಗಿತ್ತು, ಬೆಳೆಯುತ್ತಲೇ ಹೋಯಿತು. 2007ರ ಕೊನೆಗೆ ಮಾರ್ಲಿನ್ ಕಂಪನಿಯನ್ನು ಕೊಳ್ಳಲು ರೆಮಿಂಗ್ಟನ್ ಒಪ್ಪಂದ ಮಾಡಿಕೊಂಡಿತು. 2020ರಲ್ಲಿ ರೆಮಿಂಗ್ಟನ್ನೇ ದಿವಾಳಿ ಎದ್ದಿತು. ಹರಾಜಿನಲ್ಲಿ ಮಾರ್ಲಿನ್ ಹೆಸರು, ಯಂತ್ರಗಳನ್ನು ಹಿಡಿದದ್ದು ಯಾರು ಅಂತೀರಿ? ರೂಗರ್!

ಇಲ್ಲೊಂದು ಸಣ್ಣ ಲೆಕ್ಕ. 1964ರ 54.50 ಡಾಲರನ್ನು ಅಮೆರಿಕದ ಬೆಲೆ ಸೂಚ್ಯಂಕ ಹಿಡಿದು 2024ಕ್ಕೆ ತಂದರೆ ಸುಮಾರು 550 ಡಾಲರ್ ಆಗುತ್ತದೆ. ಆದರೆ ಮೂಲ ಮಾದರಿಯ 10/22 ಅಂಗಡಿಯಲ್ಲಿ ಮುನ್ನೂರು ಚಿಲ್ಲರೆಗೇ ಸಿಗುತ್ತಿದೆ. ಅಂದರೆ ಅರವತ್ತು ವರ್ಷದಲ್ಲಿ ವಸ್ತು ನಿಜಕ್ಕೂ ಅಗ್ಗವಾಗಿದೆ. ಪುಗಸಟ್ಟೆ ಅಲ್ಲ. 2008ರ ಸುಮಾರಿಗೆ ಟ್ರಿಗರಿನ ಲೋಹದ ಗೂಡು ಪ್ಲಾಸ್ಟಿಕ್ ಆಯಿತು, ವಾಲ್‌ನಟ್ ಮರದ ಹಿಡಿ ಅದಕ್ಕೂ ಮೊದಲೇ ಅಗ್ಗದ ಮರಕ್ಕೆ ಇಳಿದಿತ್ತು. ಹಳೆಯದನ್ನು ಕಂಡವರು ಗೊಣಗುತ್ತಾರೆ. ನನಗೇನೂ ಅದು ದೊಡ್ಡ ದೂರು ಅನ್ನಿಸಿಲ್ಲ, ಗುಂಡಿಗೆ ಮರದ ಜಾತಿ ಗೊತ್ತಾಗಲ್ಲ.

ಹಿರಿಯರ ಹತ್ತಿರ ಎರಡೂ ಇವೆ. ಮಾರ್ಲಿನ್ ಅವರಪ್ಪ ಕೊಂಡಿದ್ದು, 1960ರ ದಶಕದ್ದು. ಕೈಗೆ ತೆಗೆದುಕೊಂಡು ಸೀರಿಯಲ್ ನಂಬರ್ ಎಲ್ಲಿದೆ ಅಂತ ತಿರುಗಿಸಿ ಮುರುಗಿಸಿ ನೋಡಿದೆ. ಇಲ್ಲ! ಹುಟ್ಟಿದಾಗಲೇ ಹಾಕಿರಲಿಲ್ಲವಂತೆ. ಖಾಲಿ ಕೇಸು ಎಣಿಸಿ ಕೊಟ್ಟು ಬೆಳೆದವನಿಗೆ ಇದು ಜೀರ್ಣವಾಗಲು ಸ್ವಲ್ಪ ಹೊತ್ತು ಹಿಡಿಯಿತು. 1968ಕ್ಕಿಂತ ಮುಂಚೆ ಇಲ್ಲಿ ಅಂಚೆಯಲ್ಲಿ ರೈಫಲ್ ತರಿಸಿಕೊಳ್ಳಬಹುದಿತ್ತು. 1963ರಲ್ಲಿ ಅಧ್ಯಕ್ಷ ಕೆನಡಿಯನ್ನು ಕೊಂದ ರೈಫಲ್ ಹಾಗೇ, ಷಿಕಾಗೋದ ಅಂಗಡಿಯೊಂದರಿಂದ, ದೂರದರ್ಶಕ ಸಮೇತ 19 ಡಾಲರ್ 95 ಸೆಂಟಿಗೆ ಅಂಚೆಯಲ್ಲಿ ಬಂದದ್ದು. 1968ರ ಜೂನಿನಲ್ಲಿ ಅವನ ತಮ್ಮ ರಾಬರ್ಟ್ ಕೆನಡಿಯನ್ನು ಕೊಂದದ್ದು ಒಂದು .22 ರಿವಾಲ್ವರ್. ಹೌದು, ನಾವು ಎನ್‌ಸಿಸಿಯಲ್ಲಿ ಹೊಡೆದ ಅಳತೆಯದೇ. ಆ ಅಕ್ಟೋಬರ್ 22ರಂದು ಅಧ್ಯಕ್ಷ ಜಾನ್ಸನ್ ಸಹಿ ಹಾಕಿದ ಕಾನೂನು ಅಂಚೆ ಮಾರಾಟ ನಿಲ್ಲಿಸಿತು, ಪ್ರತಿ ಬಂದೂಕಿಗೂ ನಂಬರ್ ಕಡ್ಡಾಯ ಮಾಡಿತು. ಹಿರಿಯರ ಮಾರ್ಲಿನ್ ಅದಕ್ಕೂ ಮುಂಚಿನದು, ಹಾಗಾಗಿ ಅನಾಮಿಕ.

'ಪಾಯಿಂಟ್ ಟೂ ಟೂ ತಾನೆ, ಮಕ್ಕಳಾಟ' ಅನ್ನುವವರಿಗೆ ನಾನು ಈ ಪ್ಯಾರಾ ತೋರಿಸುತ್ತೇನೆ.

ಇದು ಮಕ್ಕಳಾಟವೋ ಆಯುಧವೋ ಅನ್ನುವ ಗೊಂದಲ ದೇಶ ದೇಶಗಳಿಗೂ ಇದೆ. 1987ರಲ್ಲಿ ಇಂಗ್ಲೆಂಡಿನ ಹಂಗರ್‌ಫರ್ಡ್‌ನಲ್ಲಿ ಒಬ್ಬ 16 ಜನರನ್ನು ಕೊಂದ. 1988ರ ಕಾನೂನು ತಾನೇ ತುಂಬಿಕೊಳ್ಳುವ ರೈಫಲ್‌ಗಳನ್ನೆಲ್ಲ ನಿಷೇಧಿಸಿತು, ಒಂದನ್ನು ಬಿಟ್ಟು: .22 ರಿಮ್‌ಫೈರ್. 1996ರಲ್ಲಿ ಆಸ್ಟ್ರೇಲಿಯಾದ ಪೋರ್ಟ್ ಆರ್ಥರ್, 35 ಸಾವು. ಅವರು ಆ ವಿನಾಯಿತಿಯನ್ನೂ ಕೊಡಲಿಲ್ಲ. ಸಾಮಾನ್ಯ ಗುರಿಕಾರನ 10/22ಗಳನ್ನೂ ಸರ್ಕಾರವೇ ದುಡ್ಡು ಕೊಟ್ಟು ಕೊಂಡು ಪುಡಿ ಮಾಡಿತು, ಎಲ್ಲಾ ಬಗೆಯದೂ ಸೇರಿ ಆರೂವರೆ ಲಕ್ಷದ ಹತ್ತಿರ ಬಂದೂಕು. 2019ರಲ್ಲಿ ನ್ಯೂಜಿಲೆಂಡಿನ ಕ್ರೈಸ್ಟ್‌ಚರ್ಚ್, 51 ಸಾವು. ಒಂದೇ ತಿಂಗಳಿನಲ್ಲಿ ಕಾನೂನು ಬಂತು, ಅಲ್ಲಿ ಮತ್ತೆ ವಿನಾಯಿತಿ: ಹತ್ತಕ್ಕಿಂತ ಹೆಚ್ಚು ತೋಟಾ ಹಿಡಿಸದ .22 ಇಟ್ಟುಕೊಳ್ಳಬಹುದು. ಒಂದೇ ಯಂತ್ರ, ಒಂದೇ ಬಗೆಯ ದುಃಖ, ಮೂರು ಬೇರೆ ಉತ್ತರ. ಮೊಲ ಹೊಡೆಯುವ ರೈತ, ಗುರಿ ಕಲಿಯುವ ಹುಡುಗ ಇವರನ್ನು ಎಲ್ಲಿ ನಿಲ್ಲಿಸಬೇಕು ಅನ್ನುವುದಕ್ಕೆ ಯಾರ ಬಳಿಯೂ ಸೂತ್ರ ಇರಲಿಲ್ಲ. ನನ್ನ ಅಭಿಪ್ರಾಯ ಕೇಳಿದರೆ ನ್ಯೂಜಿಲೆಂಡಿನ ಗೆರೆ ಸರಿ ಅನ್ನಿಸುತ್ತೆ. ಗುರಿ ಅಭ್ಯಾಸಕ್ಕೆ ಹತ್ತಕ್ಕಿಂತ ಹೆಚ್ಚು ತೋಟಾ ಒಟ್ಟಿಗೆ ಬೇಕಾದ ಸಂದರ್ಭ ನಾನಂತೂ ಕಂಡಿಲ್ಲ.

ಕುತೂಹಲದ ಸಂಗತಿ ಅಂದರೆ ಬಿಲ್ ರೂಗರ್ ಕೂಡಾ ಹೆಚ್ಚುಕಡಿಮೆ ಇದನ್ನೇ ಹೇಳಿದ್ದ. 1989ರಲ್ಲಿ ಅಮೆರಿಕದ ಸಂಸತ್ ಸದಸ್ಯರಿಗೆ ಪತ್ರ ಬರೆದು, ಬಂದೂಕನ್ನು ನಿಷೇಧಿಸುವ ಬದಲು ಹದಿನೈದಕ್ಕಿಂತ ಹೆಚ್ಚು ಹಿಡಿಸುವ ಮ್ಯಾಗಜಿನ್ ನಿಲ್ಲಿಸಿ ಅಂದ. ಬಂದೂಕು ಪ್ರಿಯರು ಅವನನ್ನು ಇವತ್ತಿಗೂ ಪೂರ್ತಿ ಕ್ಷಮಿಸಿಲ್ಲ. ಅವನು 2002ರಲ್ಲಿ ತೀರಿಕೊಂಡ. 2011ರಲ್ಲಿ ಅವನದೇ ಕಂಪನಿ 10/22ಕ್ಕೆ ಇಪ್ಪತ್ತೈದರ ಮ್ಯಾಗಜಿನ್ ಮಾರಾಟಕ್ಕೆ ಬಿಟ್ಟಿತು.

ಗೆರೆ ಎಳೆದ ಮೇಲೆ ಅದು ಯಾರ ಕಾಲಿಗೆ ತೊಡರುತ್ತದೆ ಅನ್ನೋದಕ್ಕೆ ನ್ಯೂಜೆರ್ಸಿಯ ಒಂದು ಮೊಕದ್ದಮೆ ನೋಡಿ. ಪೊಲೀಸರ ಗುರಿ ಸ್ಪರ್ಧೆಯಲ್ಲಿ ಒಬ್ಬಾತ ಬಹುಮಾನವಾಗಿ ಒಂದು ಮಾರ್ಲಿನ್ ಗೆದ್ದ. ಅದರ ಕೊಳವೆಯಲ್ಲಿ ಹದಿನೇಳು ತೋಟಾ ಹಿಡಿಸುತ್ತಿತ್ತು. ಆಮೇಲೆ ಆ ರಾಜ್ಯ ಹದಿನೈದರ ಮೇಲಿನದೆಲ್ಲ ದಾಳಿ ಆಯುಧ ಅಂತ ಕಾನೂನು ಮಾಡಿತು. ಆತ ಅದರಿಂದ ಒಂದು ಗುಂಡೂ ಹೊಡೆದಿರಲಿಲ್ಲ. ಆದರೂ ಶಿಕ್ಷೆ. ಎಷ್ಟು ಹಿಡಿಸುತ್ತದೆ ಅಂತ ಗೊತ್ತಿರಲಿಲ್ಲ ಅನ್ನುವ ವಾದವನ್ನು 1996ರಲ್ಲಿ ಮೇಲ್ಮನವಿ ನ್ಯಾಯಾಲಯ ಕೇಳಲಿಲ್ಲ.

ನನ್ನಂಥವರ ಕಾಲಿಗೂ ಒಂದು ತೊಡರಿದೆ. ಎಚ್-1ಬಿ ವೀಸಾದವರು ಇಲ್ಲಿ ಬಂದೂಕು ಅಥವಾ ತೋಟಾ ಇಟ್ಟುಕೊಳ್ಳುವುದು 1998ರ ತಿದ್ದುಪಡಿಯಿಂದ ಅಪರಾಧ. ಕೆಲವು ವಿನಾಯಿತಿಗಳಿವೆ, ಅದರಲ್ಲೊಂದು ಯಾವುದಾದರೂ ರಾಜ್ಯದ ಬೇಟೆ ಲೈಸೆನ್ಸ್. ಹಾಗಾಗಿ ಮೊಟ್ಟೆ ಹಾಕಿದ ಕೇಕನ್ನೂ ವಿಚಾರಿಸಿ ತಿನ್ನುವ ನಾನು ಜೇಬಿನಲ್ಲಿ ಬೇಟೆ ಲೈಸೆನ್ಸ್ ಇಟ್ಟುಕೊಂಡು ತಿರುಗುತ್ತಿದ್ದೇನೆ. ಅಮ್ಮನಿಗೆ ಹೇಳಿಲ್ಲ :) ಇಲ್ಲಿ ಕೊಂಡದ್ದನ್ನು ಊರಿಗೆ ತರುವ ಕನಸೂ ಬೇಡ, ನಮ್ಮ ಕಾನೂನಿನಲ್ಲಿ ಅರೆಸ್ವಯಂಚಾಲಿತ ರೈಫಲ್ ನಿರ್ಬಂಧಿತ ವರ್ಗದ್ದು. ಕೊಡಗಿನವರಿಗೆ ಕೋವಿ ಲೈಸೆನ್ಸಿನಿಂದ 1861ರಿಂದ ಬಂದ ವಿನಾಯಿತಿ ಇದೆ, ಕೇಂದ್ರ ಸರ್ಕಾರ ಅದನ್ನು 2029ರವರೆಗೆ ವಿಸ್ತರಿಸಿದೆ. ಅಲ್ಲಿನ ತೆಂಗಿನಕಾಯಿಗೆ ಗುಂಡು ಹೊಡೆಯುವ ಸ್ಪರ್ಧೆಗಳಲ್ಲಿ .22ಕ್ಕೆ ಬೇರೆಯೇ ವಿಭಾಗ ಇರುತ್ತದೆ. ಅಲ್ಲಿನ ಗೆಳೆಯರು ಇದನ್ನು ಓದಿ ನಗುತ್ತಿರಬಹುದು, 'ಇವನಿಗೆ ರೈಫಲ್ ಆರಿಸಲಿಕ್ಕೆ ಇತಿಹಾಸ ಬೇಕಾಯಿತೇ' ಅಂತ.

ಸರಿ, ಆರಿಸುವ ವಿಷಯ. ನಾನು ಹೋಗಬೇಕೆಂದಿರುವುದು 'ರಿಮ್‌ಫೈರ್ ಸ್ಪೋರ್ಟರ್' ಅನ್ನುವ ಸ್ಪರ್ಧೆಗೆ. ಕ್ಯಾಂಪ್ ಪೆರಿಯಲ್ಲಿ ರಾಷ್ಟ್ರೀಯ ಗುರಿ ಸ್ಪರ್ಧೆಗಳು 1907ರಿಂದ ನಡೆಯುತ್ತಿವೆ. ಈ ವಿಭಾಗವನ್ನು 2000ದ ದಶಕದ ಆರಂಭದಲ್ಲಿ ತಂದದ್ದೇ ಸಾಮಾನ್ಯರ ಅಗ್ಗದ ರೈಫಲಿಗೂ ಜಾಗ ಇರಲಿ ಅಂತ. ರೈಫಲ್ ಏಳೂವರೆ ಪೌಂಡ್ ಮೀರಬಾರದು. ಟ್ರಿಗರ್ ಕನಿಷ್ಠ ಮೂರು ಪೌಂಡ್ ಎಳೆತ ಇರಬೇಕು. ದೂರದರ್ಶಕ ಹಾಕುವುದಾದರೆ ಆರು ಪಟ್ಟು ಮೀರಬಾರದು. ದುಡ್ಡಿರುವವನು ಎರಡು ಸಾವಿರ ಡಾಲರಿನ ಭಾರೀ ಯಂತ್ರ ತಂದು ಗೆಲ್ಲದ ಹಾಗೆ ಬೇಲಿ. 50 ಗಜ, 25 ಗಜ. ಮಲಗಿ, ಕೂತು, ನಿಂತು. ಒಟ್ಟು 60 ಗುಂಡು. ನಿಧಾನವಾಗಿ ಹೊಡೆಯುವುದರ ಜೊತೆಗೆ ಬೇಗ ಹೊಡೆಯುವ ಸುತ್ತೂ ಇದೆ. ಐದು ಗುಂಡಿಗೆ ಅರೆಸ್ವಯಂಚಾಲಿತದವರಿಗೆ 25 ಸೆಕೆಂಡು, ಕೈಯಲ್ಲಿ ಬೋಲ್ಟ್ ಎಳೆಯುವವರಿಗೆ 30. ಆ ಐದು ಸೆಕೆಂಡು ನ್ಯಾಯವೋ ಅಲ್ಲವೋ ಅಂತ ಹಿರಿಯರ ಜೊತೆ ಒಂದು ಇಡೀ ಊಟದ ಹೊತ್ತು ಜಗಳ ಆಗಿದೆ. ಕಣ್ಣು ಕದಲಿಸದೆ, ಕೆನ್ನೆ ಎತ್ತದೆ ಮುಂದಿನ ಗುಂಡು ಹೊಡೆಯುವ ಅನುಕೂಲ ಐದು ಸೆಕೆಂಡಿಗಿಂತ ದೊಡ್ಡದು ಅಂತ ನನ್ನ ವಾದ.

ಈಗ ಅರೆಸ್ವಯಂಚಾಲಿತದ ದೌರ್ಬಲ್ಯ. ಪ್ರತಿ ತೋಟಾ ತಾನೇ ಜಾರಿ ಒಳಗೆ ಹೋಗಬೇಕು, ಮಸಿ ಹಿಡಿದಾಗಲೂ ಹೋಗಬೇಕು. ಅದಕ್ಕೆ ನಳಿಗೆಯ ಬುಡದ ಗೂಡನ್ನು ಸ್ವಲ್ಪ ಸಡಿಲ ಕೊರೆದಿರುತ್ತಾರೆ. ಸಡಿಲ ಗೂಡಿನಲ್ಲಿ ಗುಂಡು ಪ್ರತಿ ಸಲ ಒಂದೇ ನೇರಕ್ಕೆ ಕೂರಲ್ಲ. ಸ್ಪರ್ಧೆಯ ಬೋಲ್ಟ್ ರೈಫಲಿನ ಗೂಡು ಬಿಗಿ, ತೋಟಾ ಒಳಗೆ ತಳ್ಳಿದಾಗಲೇ ಸೀಸಕ್ಕೆ ಗೀರು ಮೂಡಿರುತ್ತದೆ. ಎರಡಕ್ಕೂ ನಡುವಿನ ಅಳತೆಯ ಗೂಡು ಕೊರೆದ ನಳಿಗೆಗಳು 10/22ಕ್ಕೆ ಸಿಗುತ್ತವೆ, ಆದರೆ ಅಲ್ಲಿಗೆ ನನ್ನ ನಾನೂರು ಮುಗಿದು ಮೇಲಿನ್ನೂರು ಬೇಕು. ಎರಡನೆಯದು ಟ್ರಿಗರ್. ಕಾರ್ಖಾನೆಯ ಟ್ರಿಗರ್ ಐದಾರು ಪೌಂಡ್ ಎಳೆತದ್ದು, ಐದು ಪೌಂಡಿನ ರೈಫಲನ್ನು ಅಷ್ಟೇ ಬಲದಿಂದ ಎಳೆಯುವಾಗ ಕೈ ಅಲುಗದಿದ್ದರೆ ಆಶ್ಚರ್ಯ.

ಮೂರನೆಯದು ತೋಟಾ. ಅಗ್ಗದ ಡಬ್ಬಿಗಳಲ್ಲಿ ಹೆಚ್ಚಿನವು 'ಹೈ ವೆಲಾಸಿಟಿ', ಸೆಕೆಂಡಿಗೆ ಸುಮಾರು 380 ಮೀಟರ್. ಶಬ್ದದ ವೇಗ 340ರ ಆಸುಪಾಸು. ಹೊರಟ ಸ್ವಲ್ಪ ದೂರಕ್ಕೇ ಗುಂಡು ಶಬ್ದದ ವೇಗದಿಂದ ಕೆಳಗಿಳಿಯುತ್ತದೆ, ಇಳಿಯುವಾಗ ಗಾಳಿಯ ತಳ್ಳಾಟಕ್ಕೆ ಚೂರು ತೂರಾಡುತ್ತದೆ. ಗುರಿ ತೋಟಾಗಳು ಹೊರಡುವಾಗಲೇ 325ರ ಹತ್ತಿರ ಇರುತ್ತವೆ, ಆ ಗಡಿ ದಾಟುವ ತಂಟೆಯೇ ಇಲ್ಲ. ಆದರೆ ಮೆತ್ತಗಿನ ತೋಟಾಕ್ಕೆ ಕೆಲವು ರೈಫಲ್‌ಗಳ ಬೋಲ್ಟ್ ಪೂರ್ತಿ ಹಿಂದೆ ಹೋಗದೆ ಅರ್ಧಕ್ಕೇ ನಿಲ್ಲುತ್ತದೆ. ಇದು ಹೊಡೆದು ನೋಡಿಯೇ ತಿಳಿಯಬೇಕು.

ಹೊಡೆದು ನೋಡುವುದರಲ್ಲೂ ಒಂದು ಮೋಸ ಇದೆ. ವಿಮರ್ಶೆ ಬರೆಯುವವರು ಐದು ಗುಂಡಿನ ಒಂದು ಗುಂಪಿನ ಚಿತ್ರ ಹಾಕಿ 'ನೋಡಿ' ಅನ್ನುತ್ತಾರೆ. ಹಿರಿಯರ 10/22ನಲ್ಲಿ, ಒಂದೇ ಡಬ್ಬಿಯ ತೋಟಾದಲ್ಲಿ, ಮರಳು ಚೀಲದ ಮೇಲಿಟ್ಟು ನಾನು ಹೊಡೆದ ಒಂದು ಗುಂಪು ಐದು ರೂಪಾಯಿ ನಾಣ್ಯದೊಳಗೆ ಅಡಗಿತು, ಮುಂದಿನದು ಕೋಡುಬಳೆಯಷ್ಟಾಯಿತು. ರೈಫಲ್ ಬದಲಾಗಿಲ್ಲ, ನಾನೂ ಬದಲಾಗಿಲ್ಲ. ಐದೈದರ ಗುಂಪುಗಳು ಸ್ವಭಾವತಃ ಎರಡು ಪಟ್ಟು ಹೆಚ್ಚುಕಡಿಮೆ ಆಗುತ್ತವೆ, ಸಂಖ್ಯಾಶಾಸ್ತ್ರ ಓದಿದವರಿಗೆ ಇದು ಗೊತ್ತಿರಬೇಕು. ಅದಕ್ಕೆ ನಾನು ಐವತ್ತು ಗುಂಡನ್ನು ಒಂದೇ ಹಾಳೆಗೆ ಹೊಡೆದು, ನಡುಬಿಂದುವಿನಿಂದ ಪ್ರತಿ ತೂತಿನ ದೂರ ಅಳೆದು ಸರಾಸರಿ ತೆಗೆಯತೊಡಗಿದೆ. ಈ ಲೆಕ್ಕದಲ್ಲಿ ಅನಾಮಿಕ ಮಾರ್ಲಿನ್ ಗೆದ್ದಿತು, ಸ್ಪಷ್ಟವಾಗಿಯೇ. ತೋಟಾ ಬದಲಿಸಿ ಗುರಿ ತೋಟಾ ಹಾಕಿದಾಗ ಎರಡೂ ಸುಧಾರಿಸಿದವು, ಮತ್ತು ಎರಡು ರೈಫಲ್‌ಗಳ ನಡುವಿನ ಅಂತರಕ್ಕಿಂತ ಎರಡು ತೋಟಾಗಳ ನಡುವಿನ ಅಂತರ ದೊಡ್ಡದಾಗಿತ್ತು.

ಅಂದರೆ 'ಕೈಗೆಟುಕುವ' ಅನ್ನುವ ಪದವನ್ನು ರೈಫಲಿಗೆ ಅಂಟಿಸುವುದೇ ತಪ್ಪು. ವಾರಕ್ಕೆ ಇನ್ನೂರು ಗುಂಡಿನಂತೆ ವರ್ಷಕ್ಕೆ ಹತ್ತು ಸಾವಿರ. ಅಗ್ಗದ್ದೇ ಆದರೂ ಗುಂಡಿಗೆ ಎಂಟು ಸೆಂಟು ಹಿಡಿದರೆ 800 ಡಾಲರ್, ಎರಡು ರೈಫಲಿನ ದುಡ್ಡು. ಅದೂ ಸಿಕ್ಕರೆ. 2012ರ ಡಿಸೆಂಬರಿನಲ್ಲಿ ಸ್ಯಾಂಡಿ ಹುಕ್ ಶಾಲೆಯ ಹತ್ಯೆ ಆದ ಮೇಲೆ ಕಾನೂನು ಬರುತ್ತದೆ ಅನ್ನುವ ಗಾಳಿಮಾತಿಗೆ ಜನ ಇಟ್ಟಿಗೆಗಟ್ಟಲೆ ಕೊಂಡು ಅಟ್ಟಕ್ಕೇರಿಸಿದರು, ವರ್ಷಗಟ್ಟಲೆ ಅಂಗಡಿಯ ಆ ಸಾಲು ಖಾಲಿ ಇತ್ತಂತೆ. 2020ರ ಕೋವಿಡ್ ಕಾಲದಲ್ಲಿ ಮತ್ತೆ ಅದೇ. ಮಗುವಿನ ಸಾವಿನ ಸುದ್ದಿ ಕೇಳಿ ತೋಟಾ ಕೊಳ್ಳಲು ಓಡುವ ಮನಸ್ಸು ನನಗೆ ಅರ್ಥವಾಗಿಲ್ಲ, ಹಿರಿಯರಿಗೂ ವಿವರಿಸಲು ಆಗಲಿಲ್ಲ.

ಹಾಗಾದರೆ ಯಾವುದು? ಹಳೆ ಮಾರ್ಲಿನ್ ಸೆಕೆಂಡ್‌ಹ್ಯಾಂಡಿನಲ್ಲಿ ಇನ್ನೂರಕ್ಕೆ ಸಿಗುತ್ತದೆ, ಈಗಲೇ ಚೆನ್ನಾಗಿ ಹೊಡೆಯುತ್ತದೆ. ಆದರೆ ಬೇಗದ ಸುತ್ತಿನಲ್ಲಿ ಕೊಳವೆಗೆ ತೋಟಾ ಇಳಿಬಿಡುವುದು ಕಷ್ಟ, ಒಳಗೆ ಇನ್ನೂ ತೋಟಾ ಉಳಿದಿದೆಯೇ ಅಂತ ದೂರದಿಂದ ಕಣ್ಣಿಗೆ ಕಾಣಲ್ಲ, ಬಿಡಿಭಾಗಕ್ಕೆ ಪರದಾಟ. 10/22 ಆದರೆ ಮ್ಯಾಗಜಿನ್ ಕಳಚಿ ಮೇಜಿನ ಮೇಲಿಟ್ಟರೆ ಎಲ್ಲರಿಗೂ ಕಾಣುತ್ತದೆ. ಈ ಒಂದು ಕಾರಣಕ್ಕೇ ನನ್ನ ಓಟು ಅದಕ್ಕೆ. ಮೊದಲ ವರ್ಷ ಕಾರ್ಖಾನೆಯ ನಳಿಗೆಯೇ ಸಾಕು. ಮೊದಲು ಒಳ್ಳೆ ನೋಟಗುಂಡಿ, ಆಮೇಲೆ ತೋಳಿಗೆ ಸುತ್ತಿಕೊಳ್ಳುವ ಪಟ್ಟಿ, ಉಳಿದದ್ದೆಲ್ಲಾ ತೋಟಾಕ್ಕೆ. ಟ್ರಿಗರ್ ಮುಂದಿನ ವರ್ಷದ ಬೋನಸ್ಸಿಗೆ, ಮೂರು ಪೌಂಡಿನ ಮಿತಿ ನೋಡಿಕೊಂಡು.

ಹೆಂಡತಿ ಒಂದೇ ಷರತ್ತು ಹಾಕಿದ್ದಾಳೆ. ಮನೆಯಲ್ಲಿ ಎರಡು ವರ್ಷದ ಮಗಳಿದ್ದಾಳೆ, ಕುರ್ಚಿ ಎಳೆದುಕೊಂಡು ಫ್ರಿಜ್ಜಿನ ಮೇಲಿನ ಬಿಸ್ಕತ್ತು ಡಬ್ಬಿ ಮುಟ್ಟುವ ವಯಸ್ಸು. ರೈಫಲ್ ಒಂದು ಕಡೆ, ತೋಟಾ ಇನ್ನೊಂದು ಕಡೆ, ಎರಡಕ್ಕೂ ಬೇರೆ ಬೇರೆ ಬೀಗ. ಗೋಡೆಗೆ ಬೋಲ್ಟ್ ಹಾಕಿ ಬಿಗಿಯುವ ಉಕ್ಕಿನ ಕಪಾಟಿನ ಬೆಲೆ ವಿಚಾರಿಸಿದೆ, ಒಳ್ಳೆಯದಕ್ಕೆ ರೈಫಲಿಗಿಂತ ಜಾಸ್ತಿ. ಕಪಾಟು ಹೋದ ಶನಿವಾರ ಬಂತು. ರೈಫಲ್ ಇನ್ನೂ ಕೊಂಡಿಲ್ಲ, ಸದ್ಯಕ್ಕೆ ಅದರೊಳಗೆ ಪಾಸ್‌ಪೋರ್ಟು, ಹೆಂಡತಿಯ ಬಳೆ ಮತ್ತು ಮಗಳಿಗೆ ಸಿಗಬಾರದು ಅಂತ ಬಚ್ಚಿಟ್ಟ ಬಿಸ್ಕತ್ತು ಡಬ್ಬಿ ಇದೆ.